ನೋರಾ ಔನೋರ್ ಸೂಪರ್‌ಸ್ಟಾರ್ ಆದದ್ದು ಹೇಗೆ, ಆ ಹೆಸರನ್ನು ಎಲ್ಲಿ ಖರ್ಚು ಮಾಡಿದರು

ಫಿಲಿಪ್ಪೀನ್ಸಿನಲ್ಲಿ ಹೆಸರು ಹೇಳದೆ ಬರೀ ‘ಸೂಪರ್‌ಸ್ಟಾರ್’ ಅಂದರೆ ಸಾಕು, ಅದು ನೋರಾ ಔನೋರ್ ಅಂತ ಎಲ್ಲರಿಗೂ ಗೊತ್ತು. ಐದಡಿಗೂ ಕಮ್ಮಿ ಎತ್ತರ. ಕಂದು ಮೈಬಣ್ಣ. ರೈಲ್ವೆ ಸ್ಟೇಷನ್ನಿನಲ್ಲಿ ನೀರು ಮಾರಿದ ಬಾಲ್ಯ. 170ಕ್ಕೂ ಹೆಚ್ಚು ಸಿನಿಮಾ. 2025ರ ಏಪ್ರಿಲ್ 16ರಂದು, 71ನೇ ವಯಸ್ಸಿನಲ್ಲಿ ತೀರಿಕೊಂಡಾಗ ಅವರನ್ನು ಸರ್ಕಾರಿ ಗೌರವದೊಂದಿಗೆ ಮಣ್ಣು ಮಾಡಿದ್ದು ಮನಿಲಾದ ವೀರರ ಸ್ಮಶಾನದಲ್ಲಿ. ದೇಶದ ಅಧ್ಯಕ್ಷರನ್ನು, ಸೈನಿಕರನ್ನು ಮಣ್ಣು ಮಾಡುವ ಜಾಗ ಅದು.

ಹೊರಗಿನವರಿಗೆ ಅವರ ಸಿನಿಮಾಗಳ ಪಟ್ಟಿ ನೋಡಿದರೆ ತಲೆ ಕೆಡುತ್ತದೆ. ಒಂದು ಕಡೆ ಹದಿಹರೆಯದ ಹುಡುಗ ಹುಡುಗಿಯರ ಹಾಡು, ಕುಣಿತ, ಪ್ರೇಮದ ಚಿತ್ರಗಳ ರಾಶಿ. ಎಷ್ಟೋ ಚಿತ್ರಗಳ ಹೆಸರು ನೋಡಿದರೇ ಕಥೆ ಗೊತ್ತಾಗುತ್ತದೆ. ಇನ್ನೊಂದು ಕಡೆ ಕಾನ್, ಬರ್ಲಿನ್, ವೆನಿಸ್ ಚಿತ್ರೋತ್ಸವಗಳಿಗೆ ಹೋದ ಚಿತ್ರಗಳು. ಯುದ್ಧ, ಕೊಳೆಗೇರಿ, ವಲಸೆ, ಮೂಢನಂಬಿಕೆಯ ಕಥೆಗಳು. ಇವೆರಡನ್ನೂ ಮಾಡಿದ್ದು ಒಬ್ಬರೇನಾ ಅನಿಸುತ್ತದೆ. ಒಬ್ಬರೇ. ಅದೂ ಮೊದಲು ಅದು, ಆಮೇಲೆ ಇದು ಅಂತ ಸರದಿಯಲ್ಲಿ ಮಾಡಿದ್ದಲ್ಲ. ಮೊದಲನೆಯದರಲ್ಲಿ ಬಂದ ದುಡ್ಡು, ಹೆಸರು, ಜನಬಲ ಎಲ್ಲವನ್ನೂ ಎರಡನೆಯದಕ್ಕೆ ಸುರಿದರು. ಅವರನ್ನು ಅರ್ಥ ಮಾಡಿಕೊಳ್ಳಬೇಕಾದರೆ ಈ ಲೆಕ್ಕಾಚಾರ ಹಿಡಿಯಬೇಕು.

ಅವರು ಹುಟ್ಟಿದ್ದು 1953ರ ಮೇ 21ರಂದು, ಲುಜಾನ್ ದ್ವೀಪದ ದಕ್ಷಿಣ ತುದಿಯ ಬಿಕೋಲ್ ಪ್ರದೇಶದ ಇರಿಗಾ ಎಂಬ ಊರಲ್ಲಿ. ಹುಟ್ಟಿದಾಗಿನ ಹೆಸರು ನೋರಾ ವಿಲ್ಯಮಾಯೋರ್. ಬಡ ಮನೆ, ಮಕ್ಕಳು ಜಾಸ್ತಿ. ಮನಿಲಾದಿಂದ ಬರುವ ರೈಲು ಇರಿಗಾದಲ್ಲಿ ನಿಂತಾಗ ಪ್ರಯಾಣಿಕರಿಗೆ ಕುಡಿಯುವ ನೀರು ಮಾರುತ್ತಿದ್ದರು. ದನಿ ಚೆನ್ನಾಗಿತ್ತು. ಹಾಡಿನ ಸ್ಪರ್ಧೆಗಳಿಗೆ ಹೋಗತೊಡಗಿದರು. ಆಶ್ರಯ ಕೊಟ್ಟು ಬೆಳೆಸಿದ ತಾಯಿ ಕಡೆಯ ನೆಂಟರ ಮನೆಹೆಸರು ‘ಔನೋರ್’ ಅವರದೂ ಆಯಿತು. 1967ರಲ್ಲಿ, 14ರ ವಯಸ್ಸಿಗೆ, ‘ತವಾಗ್ ನಂಗ್ ತಂಗ್ಹಾಲನ್’ ಎಂಬ ದೇಶದ ದೊಡ್ಡ ಹಾಡಿನ ಸ್ಪರ್ಧೆ ಗೆದ್ದರು. ಇಲ್ಲಿಯವರೆಗೆ ಇದು ನೂರಾರು ಗಾಯಕಿಯರ ಕಥೆ. ಬೇರೆಯಾಗಿದ್ದು ಇದರ ಮುಂದಿನದು.

ಗೆದ್ದವರನ್ನು ಸಿನಿಮಾಕ್ಕೆ ಕರೆಯುವುದು ವಾಡಿಕೆ. ಸಂಪಗೀಟಾ ಪಿಕ್ಚರ್ಸ್ ಎಂಬ ಹಳೆಯ ಸ್ಟುಡಿಯೊ ಅವರನ್ನು ಕರೆಯಿತು. ಆದರೆ ನಾಯಕಿ ಮಾಡಲಿಲ್ಲ. ಚಿಕ್ಕ ಪಾತ್ರ, ಒಂದು ಹಾಡು, ಅಷ್ಟೇ. ಯಾಕೆ ಅಂತ ತಿಳಿಯಲು ಆಗಿನ ತೆರೆಯ ಮೇಲೆ ಎಂಥ ಮುಖಗಳಿದ್ದವು ನೋಡಬೇಕು. ಫಿಲಿಪ್ಪೀನ್ಸ್ ಮುನ್ನೂರು ವರ್ಷಕ್ಕೂ ಹೆಚ್ಚು ಕಾಲ ಸ್ಪೇನಿನ ಕೈಯಲ್ಲಿತ್ತು. 1898ರ ನಂತರ ಅಮೆರಿಕದ ಕೈಗೆ ಬಂತು. ಸ್ವಾತಂತ್ರ್ಯ ಸಿಕ್ಕಿದ್ದು 1946ರಲ್ಲಿ. ಆಳಿದವರು ಹೋದರೂ ಅವರ ಮೈಬಣ್ಣದ ಮೋಹ ಹೋಗಲಿಲ್ಲ. ನಾಯಕಿ ಎಂದರೆ ಎತ್ತರದ ಮೂಗು, ಬಿಳಿ ಚರ್ಮ, ಯುರೋಪಿನ ರಕ್ತ ಬೆರೆತ ಮುಖ. ಅಂಥವರನ್ನು ಅಲ್ಲಿ ‘ಮೆಸ್ತೀಸಾ’ ಎನ್ನುತ್ತಾರೆ. ಗ್ಲೋರಿಯಾ ರೊಮೆರೊ, ಸೂಸನ್ ರೋಸೆಸ್, ಅಮಾಲಿಯಾ ಫುವೆಂತೆಸ್ ಅವರ ಕಾಲ ಅದು. ಕಂದು ಬಣ್ಣದ, ಗಿಡ್ಡ ಹುಡುಗಿ ತೆರೆಯ ಮೇಲೆ ಬಂದರೆ ಮನೆಗೆಲಸದವಳ ಪಾತ್ರ. ಇಲ್ಲವೇ ನಾಯಕಿಯ ಗೆಳತಿ.

ಸ್ಟುಡಿಯೊ ದೊರೆಗಳಿಗೆ ಕಾಣದ್ದು ಜನರಿಗೆ ಕಂಡಿತು. ಸಿನಿಮಾ ನೋಡುವ ಬಹುಪಾಲು ಜನ ಹೇಗಿದ್ದರೋ ನೋರಾ ಹಾಗೇ ಇದ್ದರು. ಅಂಗಡಿ ಹುಡುಗಿಯರು, ಮನೆಗೆಲಸದವರು, ಕಾರ್ಖಾನೆಗೆ ಹೋಗುವವರು ತಮ್ಮಂಥ ಮುಖವನ್ನು ಅಷ್ಟು ದೊಡ್ಡದಾಗಿ ಮೊದಲ ಸಲ ನೋಡಿದರು. ನೋರಾ ಅವರ ರೆಕಾರ್ಡುಗಳು ಮಾರಾಟವಾದವು, ಟಿವಿಯಲ್ಲಿ ಸ್ವಂತ ಕಾರ್ಯಕ್ರಮ ಶುರುವಾಯಿತು, ಟವರ್ ಪ್ರೊಡಕ್ಷನ್ಸ್ ಎಂಬ ಬೇರೆ ಕಂಪನಿ ನಾಯಕಿ ಮಾಡಿತು. ಒಂದು ವಿಷಯ ಇಲ್ಲಿ ನೆನಪಿರಲಿ. ಆ ಹೊತ್ತಿಗೆ ಹಳೆಯ ಸ್ಟುಡಿಯೊಗಳ ಕಾಲ ಮುಗಿಯುತ್ತಾ ಬಂದಿತ್ತು. ಎಲ್‌ವಿಎನ್ ಸ್ಟುಡಿಯೊ 1961ರಲ್ಲೇ ಚಿತ್ರ ಮಾಡುವುದನ್ನು ನಿಲ್ಲಿಸಿತ್ತು. ನಟರನ್ನು ತಿಂಗಳ ಸಂಬಳಕ್ಕೆ ಕಟ್ಟಿಹಾಕಿ, ಯಾರು ತಾರೆ ಆಗಬೇಕು ಅಂತ ತಾವೇ ತೀರ್ಮಾನಿಸುವ ಬಲ ಅವುಗಳಿಗೆ ಉಳಿದಿರಲಿಲ್ಲ. ಸಣ್ಣಪುಟ್ಟ ನಿರ್ಮಾಪಕರು ಬಂದಿದ್ದರು. ಅವರಿಗೆ ಬೇಕಿದ್ದು ಒಂದೇ, ಟಿಕೆಟ್ ಮಾರುವ ಹೆಸರು. ನೋರಾ ಹತ್ತು ವರ್ಷ ಮೊದಲು ಬಂದಿದ್ದರೆ ಏನಾಗುತ್ತಿತ್ತೋ ಹೇಳುವುದು ಕಷ್ಟ.

ಆ ಕಾಲದ ಮಾರುಕಟ್ಟೆಯ ದೊಡ್ಡ ಸರಕು ‘ಲವ್ ಟೀಮ್’. ಈಗಲೂ ಫಿಲಿಪ್ಪೀನ್ಸ್ ಮನರಂಜನೆ ನಡೆಯುವುದು ಬಹುಮಟ್ಟಿಗೆ ಅದರ ಮೇಲೇ. ಒಬ್ಬ ಹುಡುಗ, ಒಬ್ಬ ಹುಡುಗಿಯನ್ನು ಜೋಡಿ ಮಾಡುತ್ತಾರೆ. ಅವರು ಒಟ್ಟಿಗೆ ಸಿನಿಮಾ ಮಾಡುತ್ತಾರೆ, ಒಟ್ಟಿಗೆ ಹಾಡುತ್ತಾರೆ, ಒಟ್ಟಿಗೆ ಪತ್ರಿಕೆಯ ಮುಖಪುಟದಲ್ಲಿ ಬರುತ್ತಾರೆ. ನಿಜವಾಗಿ ಪ್ರೀತಿಸುತ್ತಾರಾ, ಇಲ್ಲವಾ ಅನ್ನುವ ಪ್ರಶ್ನೆಗೆ ಯಾರೂ ಉತ್ತರ ಕೊಡುವುದಿಲ್ಲ. ಉತ್ತರ ಸಿಕ್ಕಿದ ದಿನ ವ್ಯಾಪಾರ ಬಂದ್, ಅಲ್ವಾ. ನೋರಾಗೆ ಸಿಕ್ಕ ಜೋಡಿ ತಿರ್ಸೊ ಕ್ರೂಸ್ III. ‘ಗೈ ಅಂಡ್ ಪಿಪ್’ ಅಂತ ಅವರ ಜೋಡಿ ಹೆಸರು. ನೋರಾ ಕೊನೆಯವರೆಗೂ ಅಭಿಮಾನಿಗಳ ಬಾಯಲ್ಲಿ ‘ಆತೆ ಗೈ’, ಅಂದರೆ ಗೈ ಅಕ್ಕ.

ಆ ಹುಚ್ಚು ಎಲ್ಲಿಗೆ ಮುಟ್ಟಿತ್ತು ಅನ್ನುವುದಕ್ಕೆ ಒಂದು ಗೊಂಬೆಯ ಕಥೆ ಸಾಕು. ತಿರ್ಸೊ ನೋರಾಗೆ ಒಂದು ಗೊಂಬೆ ಕೊಟ್ಟರು. ಅದಕ್ಕೆ ಮರಿಯಾ ಲಿಯೊನೋರಾ ತೆರೇಸಾ ಅಂತ ಹೆಸರಿಟ್ಟರು. ಅಭಿಮಾನಿಗಳು ಅದನ್ನು ಜೋಡಿಯ ಮಗಳು ಅಂತಲೇ ತೀರ್ಮಾನಿಸಿದರು. ಗೊಂಬೆಯ ಫೋಟೊ ಪತ್ರಿಕೆಗಳಲ್ಲಿ ಬಂತು. ಗೊಂಬೆಗೇ ಅಭಿಮಾನಿಗಳು ಹುಟ್ಟಿಕೊಂಡರು. ಎಷ್ಟರ ಮಟ್ಟಿಗೆ ಅಂದರೆ, 2014ರಲ್ಲಿ ಅದೇ ಹೆಸರಿಟ್ಟು ಗೊಂಬೆಗಳ ಒಂದು ಭೂತದ ಸಿನಿಮಾ ಬಂದಾಗ ಜನರಿಗೆ ಆ ಹೆಸರು ಬಿಡಿಸಿ ಹೇಳಬೇಕಾಗಿರಲಿಲ್ಲ.

ಆ ಕಾಲದ ಚಿತ್ರಗಳನ್ನು ಈಗ ಕೂತು ನೋಡುವುದು ಅಷ್ಟು ಸುಲಭವಲ್ಲ. ಅವಸರದಲ್ಲಿ ತೆಗೆದವು, ಹಾಡು ಮುಗಿದರೆ ಇನ್ನೊಂದು ಹಾಡು. ನೋರಾ ಒಬ್ಬರೇ ಅಲ್ಲ, ಎದುರಿಗೆ ವಿಲ್ಮಾ ಸಾಂತೋಸ್ ಮತ್ತು ಎಡ್ಗರ್ ಮೋರ್ತಿಸ್ ಜೋಡಿಯೂ ಇದೇ ಓಟದಲ್ಲಿತ್ತು. ಆದರೆ ಈ ಓಟದಲ್ಲಿ ನೋರಾ ಗಳಿಸಿದ್ದು ದುಡ್ಡಷ್ಟೇ ಅಲ್ಲ. ತಾನು ಇದ್ದರೆ ಸಿನಿಮಾ ಬಿಡುಗಡೆ ಆಗುತ್ತದೆ, ತಾನು ಬೇಕು ಅಂದ ನಿರ್ದೇಶಕನಿಗೆ ಕೆಲಸ ಸಿಗುತ್ತದೆ ಎಂಬ ಹಿಡಿತ ಸಿಕ್ಕಿತು.

1973ರಲ್ಲಿ, 20ರ ವಯಸ್ಸಿನಲ್ಲಿ, ಆ ಹಿಡಿತವನ್ನು ಬಳಸತೊಡಗಿದರು. ಎನ್‌ವಿ ಪ್ರೊಡಕ್ಷನ್ಸ್ ಅಂತ ಸ್ವಂತ ನಿರ್ಮಾಣ ಸಂಸ್ಥೆ ತೆರೆದರು. ನೋರಾ ವಿಲ್ಯಮಾಯೋರ್ ಎಂಬ ಹುಟ್ಟುಹೆಸರಿನ ಮೊದಲಕ್ಷರಗಳು ಅವು. ದೇಶದಲ್ಲಿ ಆಗ ಸಮಯ ಸರಿಯಿರಲಿಲ್ಲ. ಹಿಂದಿನ ವರ್ಷದ ಸೆಪ್ಟೆಂಬರಿನಲ್ಲಿ ಅಧ್ಯಕ್ಷ ಫರ್ಡಿನಾಂಡ್ ಮಾರ್ಕೋಸ್ ಸೇನಾಡಳಿತ ಹೇರಿದ್ದರು. ಚಿತ್ರೀಕರಣಕ್ಕೂ ಮೊದಲೇ ಸ್ಕ್ರಿಪ್ಟನ್ನು ಸೆನ್ಸಾರಿನವರಿಗೆ ತೋರಿಸಬೇಕಿತ್ತು. ವಿಚಿತ್ರ ಅಂದರೆ, ಫಿಲಿಪ್ಪೀನ್ಸಿನ ಅತ್ಯುತ್ತಮ ಸಿನಿಮಾಗಳು ಬಂದದ್ದು ಈ ಕಾಲದಲ್ಲೇ. ಲೀನೊ ಬ್ರೋಕಾ, ಇಷ್ಮಾಯೆಲ್ ಬೆರ್ನಾಲ್, ಮಾರಿಯೊ ಓಹಾರಾ ಅವರಂಥ ನಿರ್ದೇಶಕರು ಆಗಲೇ ಎದ್ದುಬಂದವರು. ನೇರವಾಗಿ ಹೇಳಲಾಗದ್ದನ್ನು ಬಡವರ ಮನೆಯ ಕಥೆಯಾಗಿ, ಹಳೆಯ ಯುದ್ಧದ ಕಥೆಯಾಗಿ ಹೇಳಿದರು. ಅವರಿಗೆ ಬೇಕಿದ್ದು ಎರಡು. ದುಡ್ಡು ಹಾಕುವವರು, ಮತ್ತು ಸಾಮಾನ್ಯ ಹೆಂಗಸು ಅಂತ ನಂಬಿಸಬಲ್ಲ ಮುಖ. ನೋರಾ ಬಳಿ ಎರಡೂ ಇದ್ದವು.

ಎನ್‌ವಿ ಮೊದಮೊದಲು ಮಾಡಿದ ಚಿತ್ರಗಳಲ್ಲಿ 1975ರ ‘ಬನಾವೆ’ ಇದೆ. ಅದರ ನಿರ್ದೇಶಕ ಹಿರಿಯರಾದ ಹೆರಾರ್ಡೊ ಡಿ ಲಿಯೋನ್. ಅವರು ಪೂರ್ತಿ ಮಾಡಿದ ಕೊನೆಯ ಚಿತ್ರ ಅದು. 1976ರಲ್ಲಿ ಎರಡು ಮುಖ್ಯ ಚಿತ್ರಗಳು ಒಂದೇ ವರ್ಷ ಬಂದವು. ಒಂದು ‘ಮಿನ್ಸಾಯ್ ಇಸಾಂಗ್ ಗಮುಗಮೊ’. ಅಮೆರಿಕಕ್ಕೆ ಹೋಗುವ ಕನಸಿನ ನರ್ಸ್ ಕೊರಜೋನ್. ಹೊರಡುವ ಹೊತ್ತಿಗೆ ಅವಳ ತಮ್ಮನನ್ನು ಅಮೆರಿಕದ ಸೇನಾ ನೆಲೆಯ ಕಾವಲುಗಾರ ಗುಂಡಿಟ್ಟು ಕೊಲ್ಲುತ್ತಾನೆ. ಕಾಡುಹಂದಿ ಅಂದುಕೊಂಡೆ ಅನ್ನುತ್ತಾನೆ. ‘ನನ್ನ ತಮ್ಮ ಹಂದಿಯಲ್ಲ’ ಎಂದು ಅವಳು ಕೂಗುವ ಮಾತು ಇವತ್ತಿಗೂ ಫಿಲಿಪಿನೊಗಳ ಬಾಯಲ್ಲಿದೆ. ಅಮೆರಿಕದ ನೆಲೆಗಳು ಆ ದೇಶದಿಂದ ಹೋಗಿದ್ದು 1990ರ ದಶಕದ ಶುರುವಿನಲ್ಲಿ. ನೆಲೆಗಳು ಇದ್ದಾಗಲೇ ಅವುಗಳ ವಿರುದ್ಧ ಅಷ್ಟು ದೊಡ್ಡ ತಾರೆ ದನಿ ಎತ್ತಿದ ಚಿತ್ರ ಇದು.

ಇನ್ನೊಂದು ಎನ್‌ವಿಯದೇ ಚಿತ್ರ, ‘ತತ್ಲೊಂಗ್ ತಾವೊಂಗ್ ವಲಾಂಗ್ ದಿಯೋಸ್’. ದೇವರಿಲ್ಲದ ಮೂರು ವರ್ಷ. ನಿರ್ದೇಶನ ಮಾರಿಯೊ ಓಹಾರಾ. ಎರಡನೇ ಮಹಾಯುದ್ಧದಲ್ಲಿ ಜಪಾನ್ ಫಿಲಿಪ್ಪೀನ್ಸನ್ನು ಹಿಡಿದಿದ್ದ ಕಾಲ. ಹಳ್ಳಿಯ ಟೀಚರ್ ರೊಸಾರಿಯೊ ಮೇಲೆ ಜಪಾನಿ ಸೇನೆಯ ಅಧಿಕಾರಿ ಅತ್ಯಾಚಾರ ಮಾಡುತ್ತಾನೆ. ಅವನೂ ಅರ್ಧ ಫಿಲಿಪಿನೊ. ಬಸಿರಾದ ಅವಳು ಕೊನೆಗೆ ಅವನನ್ನೇ ಗಂಡ ಎಂದು ಒಪ್ಪಿಕೊಳ್ಳುತ್ತಾಳೆ, ಮಗುವಿಗಾಗಿ, ಬದುಕುವುದಕ್ಕಾಗಿ, ಆಮೇಲೆ ಪ್ರೀತಿಯಿಂದಲೂ. ಯುದ್ಧ ಮುಗಿದಾಗ ಊರವರು ಅವಳನ್ನು ದ್ರೋಹಿ ಎಂದು ಕೊಲ್ಲುತ್ತಾರೆ. ಅಧಿಕಾರಿಯ ಪಾತ್ರ ಮಾಡಿದ್ದು ಕ್ರಿಸ್ತೋಫರ್ ಡಿ ಲಿಯೋನ್, ಆಗ ನೋರಾ ಅವರ ನಿಜವಾದ ಗಂಡ. ಈ ಪಾತ್ರದಲ್ಲಿ ಪ್ರೇಕ್ಷಕರ ಕನಿಕರ ಗಿಟ್ಟಿಸುವುದು ಸುಲಭ. ನೋರಾ ಅದರ ಗೋಜಿಗೆ ಹೋಗುವುದಿಲ್ಲ. ರೊಸಾರಿಯೊ ಸರಿ ಮಾಡಿದಳಾ ತಪ್ಪು ಮಾಡಿದಳಾ ಅನ್ನುವುದನ್ನು ನೋಡುವವರಿಗೆ ಬಿಟ್ಟು ಸುಮ್ಮನಿರುತ್ತಾರೆ. ಅದೇ ವರ್ಷ ವಿಮರ್ಶಕರು ಸೇರಿ ಮನೂನೂರಿ ಎಂಬ ಸಂಘ ಕಟ್ಟಿದ್ದರು. ಅವರು ಕೊಡಲು ಶುರುಮಾಡಿದ ಗಾವಾದ್ ಉರಿಯಾನ್ ಪ್ರಶಸ್ತಿಯಲ್ಲಿ ಮೊಟ್ಟಮೊದಲ ಅತ್ಯುತ್ತಮ ನಟಿ ನೋರಾ. ಆಗ ಅವರಿಗೆ 24ರ ಆಸುಪಾಸು.

ಆದರೆ ನನ್ನ ಮಟ್ಟಿಗೆ ಅವರ ಧೈರ್ಯ ಪೂರ್ತಿ ಕಾಣುವುದು 1980ರ ‘ಬೋನಾ’ದಲ್ಲಿ. ದುಡ್ಡು ಎನ್‌ವಿಯದು, ನಿರ್ದೇಶನ ಲೀನೊ ಬ್ರೋಕಾ ಅವರದು. ಕಥೆ ಯಾರದು ಗೊತ್ತಾ? ಒಬ್ಬ ಅಭಿಮಾನಿಯದು.

ಬೋನಾ ಸಾಧಾರಣ ಅನುಕೂಲ ಇರುವ ಮನೆಯ ಹುಡುಗಿ. ಗಾರ್ಡೊ ಎಂಬ ಸಿನಿಮಾ ನಟನ ಹಿಂದೆ ಬೀಳುತ್ತಾಳೆ. ನಟ ಅಂದರೆ ಹೀರೊ ಏನಲ್ಲ, ಹೊಡೆಸಿಕೊಂಡು ಬೀಳುವ ಎಕ್ಸ್‌ಟ್ರಾ. ಓದು ಬಿಡುತ್ತಾಳೆ, ಅಪ್ಪನ ಏಟು ತಿನ್ನುತ್ತಾಳೆ, ಮನೆ ಬಿಟ್ಟು ಅವನ ಕೊಳೆಗೇರಿಯ ಗುಡಿಸಲು ಸೇರುತ್ತಾಳೆ. ಅಲ್ಲಿ ಅವಳ ಕೆಲಸ ಅಡುಗೆ, ಬಟ್ಟೆ, ನೀರು. ಗಾರ್ಡೊಗೆ ಬಿಸಿನೀರಿನ ಸ್ನಾನ ಆಗಬೇಕು. ಬೀದಿ ನಲ್ಲಿಯಿಂದ ನೀರು ಹೊತ್ತು ತರುತ್ತಾಳೆ, ಕಾಯಿಸುತ್ತಾಳೆ, ಹದ ನೋಡಿ ಮೈಮೇಲೆ ಹಾಕುತ್ತಾಳೆ. ಅವನು ಬೇರೆ ಬೇರೆ ಹುಡುಗಿಯರನ್ನು ಅದೇ ಗುಡಿಸಲಿಗೆ ಕರೆತರುತ್ತಾನೆ. ಆಗಲೂ ನೀರು ಕಾಯಿಸುತ್ತಾಳೆ. ನೋರಾಗೆ ಇಲ್ಲಿ ಮಾತು ತುಂಬಾ ಕಮ್ಮಿ. ಅವನು ಸ್ನಾನ ಮಾಡುವಾಗ ಅವಳ ಕಣ್ಣಲ್ಲಿ ಇರುವುದು ಆಸೆಯಾ, ಭಕ್ತಿಯಾ ಅಂತ ಬಿಡಿಸಿ ಹೇಳುವುದು ಕಷ್ಟ. ಬ್ರೋಕಾ ಸಿನಿಮಾ ಶುರುಮಾಡುವುದೇ ಮನಿಲಾದ ಕಿಯಾಪೊದಲ್ಲಿ ಕಪ್ಪು ಏಸುವಿನ ಮೂರ್ತಿಯ ಮೆರವಣಿಗೆಯಿಂದ. ಮೂರ್ತಿ ಮುಟ್ಟಲು ಒಬ್ಬರ ಮೇಲೊಬ್ಬರು ಬೀಳುವ ಜನ. ಆ ಜನಜಂಗುಳಿಯ ನಡುವೆ ಬೋನಾಳ ಮುಖ. ಅಭಿಮಾನ ಎಲ್ಲಿ ಮುಗಿದು ಪೂಜೆ ಎಲ್ಲಿ ಶುರುವಾಗುತ್ತದೆ ಎಂಬ ಪ್ರಶ್ನೆಯನ್ನು ಒಂದೂ ಮಾತಿಲ್ಲದೆ ಎತ್ತಿಬಿಡುತ್ತಾರೆ.

ಕೊನೆಗೆ ಗಾರ್ಡೊ, ತಾನು ಇನ್ನೊಬ್ಬಳ ಜೊತೆ ಅಮೆರಿಕಕ್ಕೆ ಹೋಗುತ್ತಿದ್ದೇನೆ, ನೀನು ಮನೆಗೆ ಹೋಗು ಅನ್ನುತ್ತಾನೆ. ಹೋಗಲು ಅವಳಿಗೆ ಮನೆ ಉಳಿದಿಲ್ಲ. ಅಪ್ಪ ಸತ್ತಿದ್ದಾನೆ, ಅಣ್ಣ ಹತ್ತಿರ ಸೇರಿಸುವುದಿಲ್ಲ. ಒಲೆಯ ಮೇಲೆ ಅವನ ಸ್ನಾನಕ್ಕೆ ಇಟ್ಟ ನೀರು ಕುದಿಯುತ್ತಿದೆ. ಆ ಕುದಿಯುವ ನೀರನ್ನೇ ಎತ್ತಿ ಅವನ ಮೇಲೆ ಸುರಿಯುತ್ತಾಳೆ.

ಯೋಚಿಸಿ ನೋಡಿ. ದೇಶದಲ್ಲೇ ಅತಿ ಹೆಚ್ಚು ಅಭಿಮಾನಿಗಳಿರುವ ನಟಿ. ತಮ್ಮ ಗೊಂಬೆಗೂ ಅಭಿಮಾನಿಗಳನ್ನು ಕಂಡವರು. ಅವರೇ ಜೇಬಿನಿಂದ ದುಡ್ಡು ಹಾಕಿ, ಅಭಿಮಾನ ಮನುಷ್ಯರನ್ನು ಏನು ಮಾಡುತ್ತದೆ ಅಂತ ಸಿನಿಮಾ ಮಾಡುತ್ತಾರೆ. ಅದೂ ತಾರೆಯ ಪಾತ್ರದಲ್ಲಲ್ಲ, ಅಭಿಮಾನಿಯ ಪಾತ್ರದಲ್ಲಿ. ಯಾವ ಮ್ಯಾನೇಜರ್ ಈ ಸಲಹೆ ಕೊಡುತ್ತಾನೆ? ‘ಬೋನಾ’ 1981ರಲ್ಲಿ ಕಾನ್‌ನ ಡೈರೆಕ್ಟರ್ಸ್ ಫೋರ್ಟ್‌ನೈಟ್ ವಿಭಾಗಕ್ಕೆ ಹೋಯಿತು. ಆಮೇಲೆ ದಶಕಗಳ ಕಾಲ ಒಳ್ಳೆಯ ಪ್ರತಿ ನೋಡಲು ಸಿಗುತ್ತಿರಲಿಲ್ಲ. ಹೊಸದಾಗಿ ಸರಿಪಡಿಸಿದ ಪ್ರತಿ 2024ರಲ್ಲಿ ಕಾನ್ ಕ್ಲಾಸಿಕ್ಸ್‌ನಲ್ಲಿ ತೆರೆ ಕಂಡಿತು.

‘ಬೋನಾ’ ಆಗಿ ಎರಡು ವರ್ಷದ ನಂತರ, 1982ರಲ್ಲಿ ಬಂದ ‘ಹಿಮಾಲಾ’, ಅಂದರೆ ಪವಾಡ, ಅವರ ಅತಿ ಹೆಸರಾದ ಚಿತ್ರ. ಇದರಲ್ಲಿ ದುಡ್ಡು ಅವರದಲ್ಲ, ಸರ್ಕಾರದ್ದು. ಮಾರ್ಕೋಸ್ ಆಡಳಿತ 1982ರಲ್ಲಿ ಎಕ್ಸ್‌ಪೆರಿಮೆಂಟಲ್ ಸಿನಿಮಾ ಆಫ್ ದಿ ಫಿಲಿಪ್ಪೀನ್ಸ್ ಎಂಬ ಸಂಸ್ಥೆ ಮಾಡಿತು. ಅದರ ಮುಖ್ಯಸ್ಥೆ ಅಧ್ಯಕ್ಷರ ಮಗಳು ಇಮೀ ಮಾರ್ಕೋಸ್. ಜಗತ್ತಿಗೆ ತಮ್ಮ ದೇಶದ ಕಲೆ ತೋರಿಸಬೇಕು ಅನ್ನುವ ಹಂಬಲ ಆ ಕುಟುಂಬಕ್ಕೆ ವಿಪರೀತ ಇತ್ತು. ಚಿತ್ರೋತ್ಸವಕ್ಕೆಂದು ಅವಸರದಲ್ಲಿ ಕಟ್ಟುತ್ತಿದ್ದ ಮನಿಲಾ ಫಿಲ್ಮ್ ಸೆಂಟರಿನ ಸಾರುವೆ 1981ರ ನವೆಂಬರಿನಲ್ಲಿ ಕುಸಿದು ಕಾರ್ಮಿಕರು ಸತ್ತಿದ್ದರು. ಅದೇ ಹಂಬಲದ ಇನ್ನೊಂದು ಕೂಸು ‘ಹಿಮಾಲಾ’. ಚಿತ್ರಕಥೆ ರಿಕಿ ಲೀ, ನಿರ್ದೇಶನ ಇಷ್ಮಾಯೆಲ್ ಬೆರ್ನಾಲ್. ಸುಳ್ಳು ದೇವರನ್ನು ನಂಬಿದ ಜನರ ಕಥೆಗೆ ಸರ್ವಾಧಿಕಾರಿಯ ಸರ್ಕಾರವೇ ದುಡ್ಡು ಕೊಟ್ಟಿತು!

ಊರಿನ ಹೆಸರು ಕೂಪಾಂಗ್. ಮಳೆಯಿಲ್ಲ. ಸೂರ್ಯಗ್ರಹಣದ ದಿನ ಎಲ್ಸಾ ಎಂಬ ಹುಡುಗಿಗೆ ಬೆಟ್ಟದ ಮೇಲೆ ಕನ್ಯಾ ಮೇರಿ ಕಾಣಿಸಿದಳಂತೆ. ಅವಳು ರೋಗಿಗಳನ್ನು ಮುಟ್ಟಿ ವಾಸಿ ಮಾಡತೊಡಗುತ್ತಾಳೆ. ಸುದ್ದಿ ಹಬ್ಬುತ್ತದೆ. ಬಸ್ಸುಗಳು ಬರುತ್ತವೆ, ಅಂಗಡಿಗಳು ಏಳುತ್ತವೆ, ಬಾಟಲಿ ನೀರು ಪವಿತ್ರ ತೀರ್ಥವಾಗಿ ಮಾರಾಟವಾಗುತ್ತದೆ. ಹಿಂದೆಯೇ ಕೊಲೆ, ಕಾಲರಾ, ಸಾವು. ಚಿತ್ರೀಕರಣ ನಡೆದದ್ದು ಉತ್ತರದ ಇಲೋಕೋಸ್ ನೋರ್ತೆ ಪ್ರಾಂತ್ಯದಲ್ಲಿ. ಬೋಳು ದಿಬ್ಬ, ಒಣ ಮರ, ಧೂಳು, ಅಷ್ಟೇ.

ಕೊನೆಯ ದೃಶ್ಯಕ್ಕೆ ಸುಮಾರು 3,000 ಜನರನ್ನು ಸೇರಿಸಿದ್ದರು. ದಿಬ್ಬದ ಮೇಲೆ ವೇದಿಕೆ, ಮೈಕು, ಬಿಳಿ ಬಟ್ಟೆಯ ಎಲ್ಸಾ. ಜನ ಇನ್ನೊಂದು ಪವಾಡಕ್ಕೆ ಕಾಯುತ್ತಿದ್ದಾರೆ. ಅವಳು ಹೇಳುತ್ತಾಳೆ: ‘ಪವಾಡ ಇಲ್ಲ! ಪವಾಡ ಇರುವುದು ಮನುಷ್ಯರ ಎದೆಯಲ್ಲಿ. ಪವಾಡ ಮಾಡುವವರು ನಾವು. ಶಾಪಗಳನ್ನು, ದೇವರುಗಳನ್ನು ಮಾಡುವವರೂ ನಾವೇ.’ ಈ ಸಾಲುಗಳನ್ನು ಕಿರುಚಿ, ಅತ್ತು ಹಾಳು ಮಾಡಬಹುದಿತ್ತು. ಅಲ್ಲಿಯವರೆಗೆ ಇಡೀ ಸಿನಿಮಾದಲ್ಲಿ ಎಲ್ಸಾ ಮೆಲ್ಲಗೆ, ಒಂದೇ ದನಿಯಲ್ಲಿ ಮಾತಾಡಿದ್ದಾಳೆ. ಆಕೆ ನಿಜವಾಗಿ ನಂಬಿದ್ದಾಳಾ, ನಾಟಕ ಆಡುತ್ತಿದ್ದಾಳಾ ಅಂತ ನೋರಾ ಎಲ್ಲೂ ಬಿಟ್ಟುಕೊಟ್ಟಿಲ್ಲ. ಹಾಗಾಗಿ ಆ ದನಿ ಮೊದಲ ಸಲ ಏರಿದಾಗ ಮೈ ಜುಮ್ಮೆನ್ನುತ್ತದೆ. ಜನರ ನಡುವಿನಿಂದ ಒಂದು ಗುಂಡು ಹಾರುತ್ತದೆ. ಕಾಲ್ತುಳಿತ. ಅವಳ ಹೆಣವನ್ನು ತಲೆಗಳ ಮೇಲೆ ಎತ್ತಿ ಸಾಗಿಸುತ್ತಾರೆ. ಆಮೇಲೆ ಜನ ಏನು ಮಾಡುತ್ತಾರೆ ಅಂದರೆ, ಮತ್ತೆ ಮೊಣಕಾಲೂರಿ ಪ್ರಾರ್ಥನೆ ಶುರುಮಾಡುತ್ತಾರೆ. ಅವಳು ಹೇಳಿದ್ದು ಒಬ್ಬರ ಕಿವಿಗೂ ಬಿದ್ದಿಲ್ಲ.

‘ಹಿಮಾಲಾ’ 1983ರ ಬರ್ಲಿನ್ ಸ್ಪರ್ಧೆಗೆ ಹೋಯಿತು. 2008ರಲ್ಲಿ ಸಿಎನ್‌ಎನ್ ನಡೆಸಿದ ವೀಕ್ಷಕರ ಮತದಾನದಲ್ಲಿ ಏಷ್ಯಾ ಪೆಸಿಫಿಕ್‌ನ ಸಾರ್ವಕಾಲಿಕ ಅತ್ಯುತ್ತಮ ಚಿತ್ರ ಅನ್ನಿಸಿಕೊಂಡಿತು. ಮತದಾನಕ್ಕೆ ನೋರಾ ಅಭಿಮಾನಿಗಳ ಉತ್ಸಾಹವೂ ಸೇರಿತ್ತು ಅಂತ ಇಟ್ಟುಕೊಂಡರೂ, ಆ ಚಿತ್ರದ ತೂಕ ಕಮ್ಮಿಯಾಗುವುದಿಲ್ಲ.

ಒಂದು ತಮಾಷೆ ಇದೆ. ಇಷ್ಟು ದೊಡ್ಡ ಪಾತ್ರ ಮಾಡಿದ ವರ್ಷ ದೇಶದ ಬಹುಪಾಲು ಅತ್ಯುತ್ತಮ ನಟಿ ಪ್ರಶಸ್ತಿಗಳು ನೋರಾಗೆ ಬರಲಿಲ್ಲ. ಮೆಟ್ರೊ ಮನಿಲಾ ಚಿತ್ರೋತ್ಸವದ್ದು ಬಂತು. ಮಿಕ್ಕವನ್ನು ಬಾಚಿಕೊಂಡದ್ದು ವಿಲ್ಮಾ ಸಾಂತೋಸ್, ‘ರೆಲಾಸ್ಯೋನ್’ ಚಿತ್ರಕ್ಕೆ. ಅದರ ನಿರ್ದೇಶಕರೂ ಬೆರ್ನಾಲ್ ಅವರೇ! ಅಲ್ಲಿ ಮುಖ್ಯ ಪ್ರಶಸ್ತಿ ಕೊಡುವ ಸಂಸ್ಥೆಗಳು ಹಲವು. ಒಂದೇ ಪಾತ್ರಕ್ಕೆ ಎಲ್ಲವನ್ನೂ ಗೆದ್ದರೆ ಅದಕ್ಕೆ ‘ಗ್ರ್ಯಾಂಡ್ ಸ್ಲ್ಯಾಮ್’ ಅನ್ನುತ್ತಾರೆ. ವಿಲ್ಮಾ ಆ ವರ್ಷ ಅದನ್ನು ಮಾಡಿದರು. ನೋರಾ ಅಭಿಮಾನಿಗಳು ‘ನೊರಾನಿಯನ್’, ವಿಲ್ಮಾ ಅಭಿಮಾನಿಗಳು ‘ವಿಲ್ಮಾನಿಯನ್’. ಇವರಿಬ್ಬರ ಜಗಳ ಐವತ್ತು ವರ್ಷ ದಾಟಿದೆ. ನಟಿಯರಿಬ್ಬರೂ 1982ರಲ್ಲೇ ಒಂದು ಸಿನಿಮಾದಲ್ಲಿ ಒಟ್ಟಿಗೆ ನಟಿಸಿದ್ದರು, ಆದರೂ ಜಗಳ ನಿಲ್ಲಲಿಲ್ಲ. ಈ ಪೈಪೋಟಿಯಿಂದ ಒಳ್ಳೆಯದೇ ಆಯಿತು ಅಂತ ನನಗನಿಸುತ್ತದೆ. ಒಬ್ಬರು ಕಷ್ಟದ ಪಾತ್ರ ಮಾಡಿದರೆ ಇನ್ನೊಬ್ಬರೂ ಮಾಡಲೇಬೇಕಿತ್ತು.

ನೋರಾ ಪಾತ್ರಗಳನ್ನು ಸಾಲಾಗಿ ಇಟ್ಟು ನೋಡಿದರೆ ಇನ್ನೊಂದು ಎಳೆ ಸಿಗುತ್ತದೆ, ವಲಸೆಯದು. 1974ರ ಕಾರ್ಮಿಕ ಕಾನೂನಿನಿಂದ ಜನರನ್ನು ಹೊರದೇಶಕ್ಕೆ ದುಡಿಯಲು ಕಳಿಸುವುದು ಫಿಲಿಪ್ಪೀನ್ಸಿನ ಸರ್ಕಾರಿ ನೀತಿಯೇ ಆಯಿತು. ನರ್ಸುಗಳು, ನಾವಿಕರು, ಮನೆಗೆಲಸದವರು ಲಕ್ಷಗಟ್ಟಲೆ ಹೊರಟರು. 1976ರ ಕೊರಜೋನ್ ಅಮೆರಿಕಕ್ಕೆ ಹೋಗಲು ಹಂಬಲಿಸುವ ನರ್ಸ್. 1984ರ ‘ಮೆರಿಕಾ’ದ ಮಿಲಾ ಅಮೆರಿಕದಲ್ಲಿ ದುಡಿಯುತ್ತಾ ಊರಿಗೆ ಮರಳಲು ಹಂಬಲಿಸುವ ನರ್ಸ್. 1992ರಲ್ಲಿ ರಂಗದ ಮೇಲೆ ‘ಡಿಎಚ್’, ಅಂದರೆ ಡೊಮೆಸ್ಟಿಕ್ ಹೆಲ್ಪರ್, ಎಂಬ ನಾಟಕದಲ್ಲಿ ಹೊರದೇಶದ ಮನೆಗೆಲಸದವಳು.

ಆಮೇಲೆ 1995. ಆ ವರ್ಷದ ಮಾರ್ಚ್ 17ರಂದು ಸಿಂಗಾಪುರದಲ್ಲಿ ಫ್ಲೋರ್ ಕಾಂತೆಂಪ್ಲಾಸಿಯೋನ್ ಎಂಬ ಫಿಲಿಪಿನೊ ಮನೆಗೆಲಸದಾಕೆಯನ್ನು ಗಲ್ಲಿಗೇರಿಸಿದರು. ಇನ್ನೊಬ್ಬ ಫಿಲಿಪಿನೊ ಕೆಲಸದಾಕೆಯನ್ನೂ ಒಂದು ಮಗುವನ್ನೂ ಕೊಂದ ಆರೋಪ. ಆಕೆ ನಿರಪರಾಧಿ ಅಂತ ಫಿಲಿಪ್ಪೀನ್ಸಿನಲ್ಲಿ ಬಹಳ ಜನ ನಂಬಿದ್ದರು. ಬೀದಿಗಳಲ್ಲಿ ಪ್ರತಿಭಟನೆ ಎದ್ದಿತು, ಎರಡು ದೇಶಗಳ ಸಂಬಂಧ ಕೆಟ್ಟಿತು. ಅದೇ ವರ್ಷ ಜೋಯೆಲ್ ಲಾಮಾಂಗಾನ್ ಅವರ ಸಿನಿಮಾ ಬಂತು, ಫ್ಲೋರ್ ಪಾತ್ರ ನೋರಾ ಅವರದು. ಇಡೀ ದೇಶ ಸಿಟ್ಟಲ್ಲಿ ಕುದಿಯುತ್ತಿರುವಾಗ ಆ ಮುಖ ಬೇರೆ ಯಾರದ್ದಾಗಲು ಸಾಧ್ಯವಿತ್ತು? ಹಿಂದೆ ‘ಮನೆಗೆಲಸದವಳ ಮುಖ’ ಎಂದು ಯಾವುದನ್ನು ಬದಿಗೆ ಸರಿಸಿದ್ದರೋ, ಅದೇ ಮುಖ. ಕೈರೊ ಚಿತ್ರೋತ್ಸವದಲ್ಲಿ ಚಿತ್ರಕ್ಕೆ ಗೋಲ್ಡನ್ ಪಿರಮಿಡ್ ಬಂತು, ನೋರಾಗೆ ಅತ್ಯುತ್ತಮ ನಟಿ ಪ್ರಶಸ್ತಿ.

ಮುಂದಿನ ಹದಿನೈದು ವರ್ಷದ ಬಗ್ಗೆ ಹೇಳಲು ಹೆಚ್ಚಿಲ್ಲ. 2001ರಲ್ಲಿ ತವರು ಪ್ರಾಂತ್ಯದ ಗವರ್ನರ್ ಚುನಾವಣೆಗೆ ನಿಂತು ಸೋತರು. ಅತ್ತ ವಿಲ್ಮಾ ರಾಜಕೀಯದಲ್ಲಿ ಗೆದ್ದು ಬತಾಂಗಸ್ ಪ್ರಾಂತ್ಯದ ಗವರ್ನರ್ ಆದರು. ನೋರಾ ಅಮೆರಿಕಕ್ಕೆ ಹೋದರು. 2005ರಲ್ಲಿ ಲಾಸ್ ಏಂಜಲೀಸ್ ವಿಮಾನ ನಿಲ್ದಾಣದಲ್ಲಿ ಮಾದಕವಸ್ತು ಪ್ರಕರಣದಲ್ಲಿ ಬಂಧನವಾಯಿತು, ಆಮೇಲೆ ಆ ಪ್ರಕರಣ ವಜಾ ಆಯಿತು. 2010ರ ಸುಮಾರಿಗೆ ಒಂದು ಶಸ್ತ್ರಚಿಕಿತ್ಸೆಯ ನಂತರ ಹಾಡುವ ದನಿ ಹೋಯಿತು. ದನಿಯಿಂದಲೇ ಮೇಲೆ ಬಂದವರಿಗೆ ಎಂಥ ಪೆಟ್ಟು ಅದು. 2011ರಲ್ಲಿ ಊರಿಗೆ ವಾಪಸ್ ಬಂದರು.

ಬಂದ ಮರುವರ್ಷವೇ ಬ್ರಿಯಾಂತೆ ಮೆಂಡೋಜಾ ಅವರ ‘ದೈ ವೂಂಬ್’. ದೇಶದ ದಕ್ಷಿಣ ತುದಿಯ ತಾವಿ ತಾವಿಯಲ್ಲಿ, ನೀರಿನ ಮೇಲೆ ಕಂಬ ನೆಟ್ಟು ಮನೆ ಕಟ್ಟಿಕೊಂಡ ಬಜಾವ್ ಜನರ ನಡುವೆ ತೆಗೆದ ಚಿತ್ರ. ನೋರಾ ಇಲ್ಲಿ ಸೂಲಗಿತ್ತಿ ಶಲೇಹಾ. ಊರಿನ ಮಕ್ಕಳನ್ನೆಲ್ಲ ಎತ್ತಿಕೊಂಡವಳು, ತನಗೆ ಮಕ್ಕಳಿಲ್ಲ. ಗಂಡನಿಗೆ ಮಗು ಬೇಕು ಅಂತ ತಾನೇ ಊರೂರು ತಿರುಗಿ, ವಧುದಕ್ಷಿಣೆಗೆ ದುಡ್ಡು ಹೊಂದಿಸಿ, ಎರಡನೇ ಹೆಂಡತಿ ಹುಡುಕುತ್ತಾಳೆ. ಹೊಸಬಳ ಷರತ್ತು ಒಂದೇ. ಮಗು ಹುಟ್ಟಿದ ಮೇಲೆ ಶಲೇಹಾಳನ್ನು ಬಿಡಬೇಕು. ಕೊನೆಗೆ ಆ ಹೆರಿಗೆಯನ್ನೂ ಶಲೇಹಾಳೇ ಮಾಡಿಸುತ್ತಾಳೆ. ಹೊಕ್ಕುಳಬಳ್ಳಿ ಕತ್ತರಿಸುವಾಗ ಅವಳ ಮುಖ ನೋಡಬೇಕು. ದನಿ ಹೋದ ನಟಿ, ಮಾತೇ ಬೇಡದ ಪಾತ್ರ. ವೆನಿಸ್ ಸ್ಪರ್ಧೆಯಲ್ಲಿ ಈ ಚಿತ್ರ ಇತ್ತು. ಅದೇ ವರ್ಷ, ಅದೇ ವೆನಿಸ್‌ನಲ್ಲಿ ಹೊಸದಾಗಿ ಸರಿಪಡಿಸಿದ ‘ಹಿಮಾಲಾ’ವನ್ನೂ ತೋರಿಸಿದರು. ಮೂವತ್ತು ವರ್ಷದ ಅಂತರದ ಎರಡು ನೋರಾ ಒಂದೇ ಊರಲ್ಲಿ. ಏಷ್ಯನ್ ಫಿಲ್ಮ್ ಅವಾರ್ಡ್ಸ್‌ನಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿಯೂ ಬಂತು.

ಆದರೆ ಊರಲ್ಲಿ? ಪ್ರತಿ ವರ್ಷ ಡಿಸೆಂಬರ್ 25ರಿಂದ ಮೆಟ್ರೊ ಮನಿಲಾ ಚಿತ್ರೋತ್ಸವ ನಡೆಯುತ್ತದೆ. ಆಗ ಥಿಯೇಟರುಗಳಲ್ಲಿ ಸ್ವದೇಶಿ ಚಿತ್ರಗಳಷ್ಟೇ. ಹಾಲಿವುಡ್ ಕಾಟವಿಲ್ಲ ಅಂತ ಎಲ್ಲರಿಗೂ ಅನುಕೂಲ ಆಗಬೇಕಿತ್ತು. ಕ್ರಿಸ್‌ಮಸ್ ರಜೆಗೆ ಕುಟುಂಬ ಸಮೇತ ಬರುವ ಜನರಿಗೆ ಬೇಕಿರುವುದು ಹಾಸ್ಯ, ಮಾಯಾಜಾಲ. ‘ದೈ ವೂಂಬ್’ಗೆ ಅಲ್ಲಿ ಪ್ರಶಸ್ತಿ ಬಂತು, ಪ್ರೇಕ್ಷಕರು ಬರಲಿಲ್ಲ. ಹಲವು ಥಿಯೇಟರುಗಳು ಬೇಗ ಎತ್ತಿಬಿಟ್ಟವು. ನೋರಾ ಹೆಸರು ಇದ್ದರೆ ಟಿಕೆಟ್ ಮಾರಾಟ ಆಗುತ್ತದೆ ಎಂಬ ಕಾಲ ಮುಗಿದಿತ್ತು. ಹಿಡಿತ ಹೋಗಿತ್ತು, ನಟನೆ ಉಳಿದಿತ್ತು.

ರಾಷ್ಟ್ರೀಯ ಕಲಾವಿದೆ ಎಂಬ ದೇಶದ ಅತಿ ದೊಡ್ಡ ಕಲಾ ಗೌರವದ ವಿಷಯದಲ್ಲೂ ಗಲಾಟೆ ಆಯಿತು. 2014ರಲ್ಲಿ ಸಂಬಂಧಪಟ್ಟ ಸಂಸ್ಥೆಗಳು ಅವರ ಹೆಸರು ಕಳಿಸಿದ್ದವು. ಅಧ್ಯಕ್ಷ ಬೆನಿನ್ಯೊ ಅಕಿನೊ ಕೈಬಿಟ್ಟರು. ಹಳೆಯ ಮಾದಕವಸ್ತು ಪ್ರಕರಣವೇ ಕಾರಣ ಅಂದರು. ಕಲಾವಿದರು ಸಿಟ್ಟಾದರು, ನೊರಾನಿಯನ್ನರಂತೂ ಕೆಂಡವಾದರು. ಕೊನೆಗೆ ಗೌರವ ಬಂದದ್ದು 2022ರ ಜೂನ್‌ನಲ್ಲಿ. ಅದೇ ಪಟ್ಟಿಯಲ್ಲಿ ‘ಹಿಮಾಲಾ’ ಬರೆದ ರಿಕಿ ಲೀ ಹೆಸರೂ ಇತ್ತು.

ನೋಡಬೇಕು ಅನಿಸಿದರೆ ಹೆಚ್ಚಿನವರು ‘ಹಿಮಾಲಾ’ದಿಂದ ಶುರುಮಾಡಿ ಅನ್ನುತ್ತಾರೆ. ನಾನು ‘ಬೋನಾ’ದಿಂದ ಶುರುಮಾಡಿ ಅನ್ನುತ್ತೇನೆ. ಒಂದೂವರೆ ಗಂಟೆಯ ಸಣ್ಣ ಚಿತ್ರ, ಹೊಸ ಪ್ರತಿ ಕಣ್ಣಿಗೆ ಹಿತವಾಗಿದೆ, ಹಿನ್ನೆಲೆ ಗೊತ್ತಿಲ್ಲದಿದ್ದರೂ ಕಥೆ ಹಿಡಿಯುತ್ತದೆ. ಆಮೇಲೆ ‘ಹಿಮಾಲಾ’. ‘ದೈ ವೂಂಬ್’ ನಿಧಾನ, ತಾಳ್ಮೆ ಇರುವ ದಿನಕ್ಕೆ ಇಟ್ಟುಕೊಳ್ಳಿ. ಗೈ ಅಂಡ್ ಪಿಪ್ ಕಾಲದ್ದು ಒಂದೆರಡು ಹಾಡು ನೋಡಿದರೆ ಸಾಕು. ಆದರೆ ಅವನ್ನು ಪೂರ್ತಿ ಬಿಟ್ಟುಬಿಡಬೇಡಿ. ‘ಬೋನಾ’ದ ಬಿಲ್ ಕಟ್ಟಿದ್ದು ಅವೇ.